ಗಾಳೆಮ್ಮನ ಟಗರು, ನಿಮ್ಮ ಮಾತ್ರೆ

ಶ್ರೀ ಗಾಳೆಮ್ಮ ದೇವಿ ಕಾಪಾಡಲಿ

ತೆಲಿಗಿ
12-8-2024, ಶ್ರಾವಣ ಸೋಮವಾರ

ಮೇಘಾಳ ಅಪ್ಪನವರ ಪಾದಗಳಿಗೆ ಮೈಲಮ್ಮನ ನಮಸ್ಕಾರಗಳು.

ನಾನು ಇಲ್ಲಿ ಕ್ಷೇಮ ಎಂದು ಬರೆಯುವುದು ಪದ್ಧತಿ. ಆದರೆ ಇವತ್ತು ಒಪ್ಪತ್ತು ಇದ್ದೇನೆ, ಒಪ್ಪತ್ತಿನ ದಿನ ಸುಳ್ಳು ಬರೆಯುವುದು ಬೇಡ. ಇದ್ದೇನೆ, ಅಷ್ಟೇ.

ಪಂಚಮಿ ಮುಗಿಯಿತು. ತವರಿಗೆಂದು ಬಂದಿದ್ದ ಈ ಓಣಿಯ ಹೆಣ್ಣುಮಕ್ಕಳು ಉಂಡೆಯ ಡಬ್ಬಿ ಹಿಡಿದುಕೊಂಡು ಒಬ್ಬೊಬ್ಬರಾಗಿ ಬಸ್ಸು ಹತ್ತಿದರು. ಬೇವಿನ ಮರದ ಜೋಕಾಲಿಯನ್ನು ಬೆಳಿಗ್ಗೆ ಬಿಚ್ಚಿದರು. ಪಂಚಮಿಗೆ ಬಂದು ವಾಪಸು ಹೋಗದೆ ಉಳಿದವಳು ನಾನೊಬ್ಬಳೇ. ಅದೂ ಮೂರು ವರ್ಷದ ಹಿಂದಿನ ಪಂಚಮಿಗೆ ಬಂದವಳು. ತಮ್ಮ ಹೊನ್ನೂರಸ್ವಾಮಿ ಏನೂ ಅನ್ನುವುದಿಲ್ಲ. ಅವನ ಹೆಂಡತಿ ದಾಕ್ಷಾಯಣಮ್ಮ ಮಾತ್ರ ಮೊನ್ನೆ ಉಂಡೆ ಕಟ್ಟುತ್ತಾ ನಗುನಗುತ್ತಲೇ ಅಂದಳು: “ಯಕ್ಕಾ, ಹರಪನಹಳ್ಳಿ ಬಸ್ಸು ದಿನಾ ಮನಿ ಮುಂದ ಹಾಯ್ತತಿ. ಡ್ರೈವರ್‌ಗೂ ನಿನ್ನ ಗುರುತು ಸಿಕ್ಕೈತಿ. ಹತ್ತಾಕಿ ಮಾತ್ರ ನೀನಲ್ಲ ನೋಡು.” ನಾನೂ ನಕ್ಕೆ. ಅವಳು ಕೆಟ್ಟವಳಲ್ಲ. ನನಗೂ ತಟ್ಟೆ ಹಾಕುತ್ತಾಳೆ, ಟಿ.ವಿ. ಮುಂದೆ ನನಗೂ ಜಾಗ ಬಿಡುತ್ತಾಳೆ. ಆದರೆ ಹಗಲೆಲ್ಲ ಯಾರೂ ನನ್ನ ಹೆಸರು ಹಿಡಿದು ಕರೆಯುವುದಿಲ್ಲ. ಯಾರಿಗೂ ನನ್ನಿಂದ ಆಗಬೇಕಾದ ಕೆಲಸವಿಲ್ಲ. ರೊಟ್ಟಿ ಬಡಿಯುವಾಗ ಈಗಲೂ ನಿಮ್ಮ ಅಳತೆಗೆ ಎರಡು ಹೆಚ್ಚು ಬಡಿದಿರುತ್ತೇನೆ. ಅವು ಮರುದಿನ ಎಮ್ಮೆಗೆ ಹೋಗುತ್ತವೆ.

ಫೋನಿನಲ್ಲೇ ಹೇಳಬಹುದಿತ್ತಲ್ಲ ಎನ್ನಬೇಡಿ. ನಿಮ್ಮ ದನಿ ಈಗ ಕಿವಿಗೆ ಬೀಳುವುದಿಲ್ಲ ಎಂದು ನಿಮ್ಮ ತಮ್ಮ ಜೋಗಪ್ಪ ಸ್ಪೀಕರ್ ಹಾಕುತ್ತಾನೆ. ಆಮೇಲೆ ನೀವು ಹೇಳದ ಮಾತನ್ನೂ ಅವನೇ ಸೇರಿಸಿ ಹೇಳುತ್ತಾನೆ. ನಾನು ಹೇಳಬೇಕಾದದ್ದು ಅವನ ಮನೆಯ ಪಡಸಾಲೆಯಲ್ಲಿ ಕೂಗಿ ಹೇಳುವಂಥದ್ದಲ್ಲ. ಏಳನೇ ತರಗತಿಯವರೆಗೆ ಕಲಿತ ಅಕ್ಷರ ನನಗಿದೆ, ನಿಮಗೂ ಇದೆ. ನಾಳೆ ಮೇಘಾ ನಿಮ್ಮನ್ನು ನೋಡಿಕೊಂಡು ಹಡಗಲಿಗೆ ಹೋಗುತ್ತಾಳೆ. ಅವಳು ಇದನ್ನು ನಿಮ್ಮ ಕೈಗೇ ಕೊಡುತ್ತಾಳೆ. ನಿಧಾನಕ್ಕೆ ಓದಿ.

ಮೊದಲು ಮುಖ್ಯವಾದ ಮಾತು. ಮಾತ್ರೆ ನಿಲ್ಲಿಸಿ ಹನ್ನೆರಡು ದಿನವಾಯಿತಂತೆ. ಈ ಪತ್ರ ಓದಿ ಮುಗಿಸುವ ಮೊದಲೇ ಮೇಘಾಳ ಕಡೆಯಿಂದ ಆ ಮಾತ್ರೆ ಬರೆದುಕೊಟ್ಟ ದಾವಣಗೆರೆಯ ಡಾಕ್ಟರಮ್ಮನಿಗೆ ಫೋನ್ ಮಾಡಿಸಿ, ಮತ್ತೆ ಹೇಗೆ ಶುರು ಮಾಡಬೇಕೆಂದು ಕೇಳಿ, ಶುರು ಮಾಡಿ. ನಿಲ್ಲಿಸಿದ ಕಾರಣ ಮೇಘಾ ಪಂಚಮಿಯ ದಿನ ನನಗೆ ಹೇಳಿದಳು. ನೀವು ಅವಳ ಹತ್ತಿರ ಅಂದಿರಂತೆ: “ಗೊತ್ತಿದ್ದೂ ಗಾಳೆಮ್ಮಗ ಮೋಸ ಮಾಡೀನಿ. ಆಕೀನ ನನ್ನ ಕಟ್ಟಿ ಹಾಕ್ಯಾಳ. ಗುಳಿಗಿ ನುಂಗಿದ್ರ ಬಿಡ್ತಾಳೇನು?” ಮೇಘಾಗೆ ಏನೂ ತಿಳಿಯಲಿಲ್ಲ. ಅಪ್ಪ ಕಾಯಿಲೆಯಲ್ಲಿ ಏನೋ ಮಾತಾಡುತ್ತಾನೆ ಅಂದುಕೊಂಡಳು. ನಾನು ಮಾತ್ರ ಕೈಯಲ್ಲಿದ್ದ ಉಂಡೆಯನ್ನು ಡಬ್ಬಿಗೇ ವಾಪಸು ಹಾಕಿದೆ.

ಆ ಮೋಸ ನಿಮ್ಮದಲ್ಲ. ನನ್ನದು. ಇಷ್ಟು ವರ್ಷ ಯಾರಿಗೂ ಹೇಳದಿದ್ದದ್ದನ್ನು ಈಗ ಬರೆಯುತ್ತೇನೆ.

ಐದು ವರ್ಷದ ಹಿಂದೆ ನೀವು ಹಿಂಡು ಹೊಡೆದುಕೊಂಡು ಮೈಲಾರದ ಕಡೆ ಹೊಳೆಸಾಲಿನ ಗದ್ದೆಗಳಿಗೆ ಹೋಗಿದ್ದಿರಿ. ಗಾಳೆಮ್ಮನ ಹೆಸರಿಗೆ ಬಿಟ್ಟ ಟಗರು ಗೊರಸು ನೊಂದು ಕುಂಟುತ್ತಿತ್ತು. ಅದೊಂದನ್ನು ನನ್ನ ಹತ್ತಿರ ಮನೆಯಲ್ಲಿ ಬಿಟ್ಟಿರಿ. ಕಂದು ಮೈ, ಹಣೆಯ ಮೇಲೆ ಬಿಳಿ ಚುಕ್ಕೆ, ಮೂರು ವರ್ಷದಿಂದ ಕತ್ತರಿ ತಾಗದ ಉಣ್ಣೆ. ಒಂದು ಮಧ್ಯಾಹ್ನ ಮೇಘಾಳ ಕೂಸಿಗೆ ಜ್ವರ ಎಂದು ಹಡಗಲಿಯಿಂದ ಫೋನ್ ಬಂತು. ಗಡಿಬಿಡಿಯಲ್ಲಿ ಹೊರಟೆ. ಮೆಕ್ಕೆಜೋಳದ ಚೀಲದ ಬಾಯಿ ಕಟ್ಟಲಿಲ್ಲ, ಟಗರಿನ ಹಗ್ಗವನ್ನೂ ಬಿಗಿಯಾಗಿ ಕಟ್ಟಲಿಲ್ಲ. ಮರುದಿನ ಬಂದು ನೋಡಿದರೆ ಕಾಳು ತಿಂದು ಹೊಟ್ಟೆ ಉಬ್ಬಿ ಚೀಲದ ಪಕ್ಕದಲ್ಲೇ ಸತ್ತು ಬಿದ್ದಿತ್ತು. ದೇವಿಗೆ ಮುಡಿಪಿಟ್ಟ ಜೀವ. ನಾನು ಅದನ್ನು ಹಿತ್ತಲಲ್ಲಿ ಹೂಳಿಸಿದೆ. ನನ್ನ ತಮ್ಮನ ಹಿಂಡಿನಲ್ಲಿ ಅದೇ ಬಣ್ಣದ, ಅದೇ ಚುಕ್ಕೆಯ ಟಗರು ಒಂದಿತ್ತು. ಅದನ್ನು ತರಿಸಿ ಅದೇ ಗೂಟಕ್ಕೆ ಕಟ್ಟಿದೆ. ತಮ್ಮನಿಗೂ ಸುಳ್ಳು ಹೇಳಿದೆ.

ನೀವು ಬಂದಿರಿ. ಕೈಕಾಲು ತೊಳೆಯುವ ಮೊದಲೇ ಟಗರಿನ ಮುಂದೆ ಕುಕ್ಕರುಗಾಲಿನಲ್ಲಿ ಕುಳಿತಿರಿ. ಅದರ ಕಿವಿ ಹಿಡಿದಿರಿ, ಮುಖವನ್ನು ನಿಮ್ಮ ಕಡೆ ತಿರುಗಿಸಿ ಬಹಳ ಹೊತ್ತು ನೋಡಿದಿರಿ. ನಾನು ಬಾಗಿಲಲ್ಲಿ ನಿಂತು ಬೆವರುತ್ತಿದ್ದೆ. ಇನ್ನೂರು ಕುರಿಗಳಲ್ಲಿ ಒಂದು ಕಾಣದಿದ್ದರೆ ಎಣಿಸದೆಯೇ ‘ಆ ಬೋಳಿ ಕುರಿಯ ಮರಿ ಬಂದಿಲ್ಲ’ ಎನ್ನುವವರು ನೀವು. ಎದ್ದು ನಿಂತು ಊಟಕ್ಕೆ ಹಾಕು ಅಂದಿರಿ. ಆ ವರ್ಷದ ದೇವಿಯ ಹಬ್ಬದಲ್ಲಿ ಅದೇ ಟಗರನ್ನು ಒಪ್ಪಿಸಿದಿರಿ.

ಅಂದಿನಿಂದ ನಿಮ್ಮ ಮುಖ ಕಲ್ಲಾಯಿತು. ಹಾಗೆ ನನಗೆ ಕಂಡಿತು. ಮೊದಲು ನಗು ಹೋಯಿತು. ಆಮೇಲೆ ಮಾತು ಸಣ್ಣದಾಯಿತು. ನಾನು ಏನಾದರೂ ಕೇಳಿದರೆ ರೆಪ್ಪೆ ಸಹ ಬಡಿಯದೆ ನನ್ನನ್ನೇ ನೋಡುತ್ತಿದ್ದಿರಿ. ಒಂದು ಸಲ ಸಾರು ತಳ ಹತ್ತಿ ಮನೆಯೆಲ್ಲ ಸುಟ್ಟ ವಾಸನೆ. ಒಲೆಯ ಪಕ್ಕದಲ್ಲೇ ಕುಳಿತಿದ್ದ ನೀವು ತುಟಿ ಬಿಚ್ಚಲಿಲ್ಲ, ಅದನ್ನೇ ಉಂಡು ಎದ್ದಿರಿ. ಬೈದಿದ್ದರೆ ನಾನು ಅತ್ತು ಎಲ್ಲ ಹೇಳಿಬಿಡುತ್ತಿದ್ದೆ. ಬೈಯುವುದಕ್ಕೂ ನಾನು ಯೋಗ್ಯಳಲ್ಲ ಎಂದು ತೀರ್ಮಾನಿಸಿದ್ದಾರೆ ಅಂದುಕೊಂಡೆ. ನಿಮ್ಮ ಸಹಿ ಇರುವೆ ಸಾಲಿನಷ್ಟು ಸಣ್ಣದಾದಾಗಲೂ, ಅಂಗಿಯ ಗುಂಡಿ ಹಾಕಲು ಅರ್ಧ ತಾಸು ಹಿಡಿದಾಗಲೂ ನನ್ನ ಮೇಲಿನ ಸಿಟ್ಟೇ ಎಂದುಕೊಂಡೆ. ತಪ್ಪು ಮಾಡಿದವಳಿಗೆ ಎಲ್ಲವೂ ತನ್ನ ತಪ್ಪಿನ ಕಡೆಗೇ ಬೊಟ್ಟು ಮಾಡಿ ತೋರಿಸಿದ ಹಾಗೆ ಕಾಣುತ್ತದೆ.

ಕಡೆಗೆ ಆ ರಾತ್ರಿ. ನಾನು ನಿಮಗೆ ಎಂದೂ ಹೇಳದೆ ಬಂದ ಸಂಗತಿ ಅದು. ಮಲಗಿದ್ದಲ್ಲೇ ನೀವು ಜೋರಾಗಿ ಕೂಗಿಕೊಂಡಿರಿ: “ತ್ವಾಳ! ತ್ವಾಳ!” ಕೂಗುತ್ತಲೇ ಕಾಲು ಬೀಸಿದಿರಿ. ನನ್ನ ಪಕ್ಕೆಗೆ ಬಿತ್ತು. ಎಂಟು ದಿನ ಕಪ್ಪಗೆ ರಕ್ತ ಹೆಪ್ಪುಗಟ್ಟಿತ್ತು. ದೇವಿಯ ಟಗರು ತಿಂದ ತೋಳ ನಾನೇ ಎಂದು ನನ್ನ ಮುಖಕ್ಕೇ ಹೇಳಿದಿರಿ ಅಂದುಕೊಂಡೆ. ಬೆಳಿಗ್ಗೆ ರಾತ್ರಿ ಏನಾಯಿತು ಎಂದು ಕೇಳಿದರೆ ಏನೂ ಆಗಿಲ್ಲವಲ್ಲ ಅಂದಿರಿ. ಅದೇ ಕಲ್ಲಿನ ಮುಖ. ಮುಂದಿನ ವಾರವೇ ಪಂಚಮಿ ಇತ್ತು. ಪ್ರತಿ ವರ್ಷದ ಹಾಗೆ ತವರಿಗೆ ಹೋಗಿಬರುತ್ತೇನೆ ಎಂದು ಹೊರಟವಳು ಬರಲಿಲ್ಲ. ಜಗಳವಾಡಿ ಬಂದೆ ಎಂದು ಯಾರಿಗೂ ಹೇಳಲಿಲ್ಲ, ಯಾಕೆಂದರೆ ಜಗಳವೇ ಆಗಿರಲಿಲ್ಲ. ಕರೆಯಲು ನೀವು ಬರಬೇಕಿತ್ತು, ಅದು ಪದ್ಧತಿ. ನೀವು ಬರಲಿಲ್ಲ. ಒಂದು ತಿಂಗಳು ಕಾದೆ, ಒಂದು ವರ್ಷ ಕಾದೆ. ಆಮೇಲೆ ಕಾಯುವುದೇ ನನ್ನ ಕೆಲಸ ಎನ್ನುವ ಹಾಗಾಯಿತು.

ನೀವು ಬಂದಿದ್ದಿರಿ ಎಂದು ಈ ವರ್ಷ ತಿಳಿಯಿತು. ನಾನು ಹೊರಟು ಬಂದ ವರ್ಷದ ದೀಪಾವಳಿ ಹೊತ್ತಿಗೆ ಹರಪನಹಳ್ಳಿಯ ಬಸ್ ನಿಲ್ದಾಣದವರೆಗೂ ಬಂದಿದ್ದಿರಂತೆ. ತೆಲಿಗಿ ಬಸ್ಸು ನಿಂತಿತ್ತು. ಜನ ನುಗ್ಗಿದರು. ನಿಮ್ಮ ಕಾಲು ಎರಡೂ ನೆಲಕ್ಕೆ ಅಂಟಿಕೊಂಡ ಹಾಗೆ ನಿಂತುಬಿಟ್ಟವಂತೆ. ಕಂಡಕ್ಟರು ಹತ್ತೋ ಯಜಮಾನ ಎಂದು ಕೂಗಿದ. ಹಿಂದಿನವರು ತಳ್ಳಿದರು. ಬಸ್ಸು ಹೋಯಿತು. ಎರಡನೆಯ ಬಸ್ಸಿಗೂ ಹಾಗೇ. ಸಂಜೆಯವರೆಗೂ ಅಲ್ಲೇ ಕುಳಿತು ವಾಪಸು ಊರಿಗೆ ಹೋದಿರಿ. ಇದನ್ನು ನೀವು ಮೇಘಾಗೂ ಹೇಳಿರಲಿಲ್ಲ. ಕಾಲು ಅಂಟಿದ ಹಾಗೆ ಎಂದಾದರೂ ಆಗಿದೆಯಾ ಎಂದು ಡಾಕ್ಟರಮ್ಮ ಕೇಳಿದಾಗ, ಅವರಿಗೆ ಹೇಳಿದಿರಂತೆ. ಆ ನಿಲ್ದಾಣದಿಂದ ನಮ್ಮ ಮನೆಗೆ ಎಷ್ಟು ದೂರ? ಅಷ್ಟು ಹತ್ತಿರ ನೀವು ಇಡೀ ದಿನ ಕುಳಿತಿದ್ದಿರಿ, ನಾನು ಇಲ್ಲಿ ಅಕ್ಕಿ ಆರಿಸುತ್ತಾ ನಿಮ್ಮನ್ನು ಬೈದುಕೊಳ್ಳುತ್ತಿದ್ದೆ.

ಜೋಗಪ್ಪನನ್ನು ನಾನು ದೂರುವುದಿಲ್ಲ. ಬಲಗೈ ಬಿಗಿದಿದೆ ಎಂದು ಕೀಲು ತಿಕ್ಕುವವನ ಹತ್ತಿರ ಒಂದು ವರ್ಷ ಕರೆದುಕೊಂಡು ಹೋದ. ಎಣ್ಣೆ ಹಚ್ಚಿಸಿದ. ವಯಸ್ಸಾಯಿತು ಅಂದ. ಅವನಿಗೆ ತಿಳಿದದ್ದು ಅಷ್ಟು. ಈ ವರ್ಷ ಬೇಸಿಗೆಯಲ್ಲಿ ನೀವು ಕುರಿಹಟ್ಟಿಯಲ್ಲಿ ಬಿದ್ದ ಮೇಲೆ ಮೇಘಾ ಬಂದು ನಿಮ್ಮನ್ನು ದಾವಣಗೆರೆಗೆ ಕರೆದುಕೊಂಡು ಹೋದಳು. ಆ ಡಾಕ್ಟರಮ್ಮ ನಿಮ್ಮನ್ನು ಬಾಗಿಲಿನಿಂದ ಕುರ್ಚಿಯವರೆಗೆ ನಡೆಯಲು ಬಿಟ್ಟು ನೋಡಿದರಂತೆ. ಹೆಸರು ಬರೆಸಿದರು. ಹೆಬ್ಬೆಟ್ಟಿಗೆ ತೋರುಬೆರಳನ್ನು ಮೇಲಿಂದ ಮೇಲೆ ತಟ್ಟಿಸಿದರು. ಮೊಣಕೈ ಹಿಡಿದು ಮಡಿಸಿ ಬಿಚ್ಚಿದರು. ವಾಸನೆ ತಿಳಿಯುತ್ತದೆಯಾ ಎಂದು ಕೇಳಿದರು. ಎಷ್ಟೋ ವರ್ಷದಿಂದ ಯಾವ ವಾಸನೆಯೂ ಇಲ್ಲ ಅಂದಿರಿ. ಆ ಸುಟ್ಟ ಸಾರು ನಿಮ್ಮ ಮೂಗಿಗೆ ಬಂದೇ ಇರಲಿಲ್ಲ.

ಆಗ ಅವರಿಗೆ ಒಂದು ಪ್ರಶ್ನೆ ಉಳಿಯಿತು. ಅದಕ್ಕೆ ಮೇಘಾ ಉತ್ತರ ಹೇಳಲಾರಳು. ನಿಮಗೂ ಗೊತ್ತಿರುವುದಿಲ್ಲ. ಅವಳು ನನಗೆ ಫೋನ್ ಹಚ್ಚಿ ಡಾಕ್ಟರಮ್ಮನ ಕೈಗೆ ಕೊಟ್ಟಳು. ಯಜಮಾನರು ನಿದ್ದೆಯಲ್ಲಿ ಕೂಗುತ್ತಿದ್ದರಾ, ಕೈಕಾಲು ಬೀಸುತ್ತಿದ್ದರಾ ಎಂದು ಅವರು ಕೇಳಿದರು. ನಾನು ಇಲ್ಲ ಅಂದೆ. ಗಂಡ ಹೊಡೆಯುತ್ತಿದ್ದನಾ ಎಂದು ಕೇಳುತ್ತಿದ್ದಾರೆ, ನಾಲ್ಕು ಜನರ ಮುಂದೆ ನಿಮ್ಮ ಮರ್ಯಾದೆ ಹೋಗಬಾರದು ಎಂದು ಇಲ್ಲ ಅಂದೆ. ಫೋನ್ ಇಟ್ಟ ಮೇಲೆ ಹಿತ್ತಲಿಗೆ ಹೋಗಿ ನಿಂತೆ. ಮತ್ತೆ ನಾನೇ ಫೋನ್ ಹಚ್ಚಿ, ಹೌದು, ಕೂಗಿದರು, ಒದ್ದರು ಅಂದೆ. ಡಾಕ್ಟರಮ್ಮ ಅಂದರು: “ಅಮ್ಮಾ, ಅದು ಅವರು ನಿಮ್ಮನ್ನು ಒದ್ದದ್ದಲ್ಲ. ಕನಸಿನಲ್ಲಿ ನಮ್ಮ ಮೈ ಸುಮ್ಮನೆ ಮಲಗಿರುತ್ತದೆ. ಈ ಕಾಯಿಲೆಯಲ್ಲಿ ಮೈ ಕನಸಿನ ಜೊತೆಗೇ ಎದ್ದುಬಿಡುತ್ತದೆ. ಬೆಳಿಗ್ಗೆ ಅವರಿಗೆ ಏನೂ ನೆನಪಿರುವುದಿಲ್ಲ.” ಕೈ ನಡುಗುವುದಕ್ಕೆ ಎಷ್ಟೋ ವರ್ಷ ಮೊದಲೇ ಅದು ಶುರುವಾಗಿರುತ್ತದಂತೆ.

ಅಂದರೆ ಆ ರಾತ್ರಿ ನೀವು ತೋಳವನ್ನೇ ಓಡಿಸುತ್ತಿದ್ದಿರಿ. ನಿಜವಾದ ತೋಳವನ್ನು. ಹಿಂಡಿಗೂ ತೋಳಕ್ಕೂ ನಡುವೆ ನಿಂತಿದ್ದಿರಿ.

ಪಾರ್ಕಿನ್ಸನ್ ಎಂದು ಅದರ ಹೆಸರು. ಮಿದುಳಿನಲ್ಲಿ ತಯಾರಾಗುವ ಒಂದು ರಸ ಕಡಿಮೆಯಾಗುತ್ತಾ ಬರುತ್ತದೆ, ಅದಕ್ಕೆ ಮೈ ಬಿಗಿಯುತ್ತದೆ, ನಡಿಗೆ ಸಣ್ಣದಾಗುತ್ತದೆ, ಮುಖದ ಸ್ನಾಯುಗಳೂ ಬಿಗಿದು ಒಳಗಿನ ನಗು ಹೊರಗೆ ಕಾಣುವುದಿಲ್ಲ ಎಂದು ಮೇಘಾ ಹೇಳಿದಳು. ಸಿಟ್ಟಲ್ಲ. ಕುರಿಯ ಮುಖ ಓದುವವರ ಮನೆಯಲ್ಲಿ ಇಪ್ಪತ್ತೊಂಬತ್ತು ವರ್ಷ ಬಾಳಿದವಳು ನಾನು, ನಿಮ್ಮ ಮುಖ ಓದಲು ಬರಲಿಲ್ಲ.

ಮಾತ್ರೆ ಅದನ್ನು ಪೂರ್ತಿ ವಾಸಿ ಮಾಡುವುದಿಲ್ಲವಂತೆ. ಆ ಸುಳ್ಳು ನಾನು ಹೇಳುವುದಿಲ್ಲ. ಆದರೆ ಮೈಯನ್ನು ಹಿಡಿತಕ್ಕೆ ತರುತ್ತದೆ. ಮೊದಲ ಒಂದು ತಿಂಗಳಲ್ಲೇ ನೀವೇ ಗುಂಡಿ ಹಾಕಿಕೊಂಡಿರಿ, ಹಟ್ಟಿಯವರೆಗೆ ಕೋಲಿಲ್ಲದೆ ಹೋದಿರಿ ಎಂದು ಮೇಘಾ ಕುಣಿದಾಡಿದ್ದಳು. ಹೊಟ್ಟೆ ತೊಳಸಿದರೆ ಡಾಕ್ಟರಿಗೆ ಹೇಳಬೇಕು, ನೀವಾಗೇ ಬಿಡಬಾರದು, ಒಮ್ಮೆಲೇ ಬಿಟ್ಟರೆ ಅಪಾಯ. ಚೀಟಿಯಲ್ಲಿ ಬರೆದ ಹೊತ್ತಿಗೇ ಆಗಬೇಕು. ಕುರಿಗೆ ನೀರು ತೋರಿಸುವ ಹೊತ್ತು ನೀವು ಎಂದಾದರೂ ತಪ್ಪಿಸಿದ್ದೀರಾ? ಹಾಗೆಯೇ ಇದು. ಊಟಕ್ಕೆ ಅರ್ಧ ತಾಸು ಮೊದಲು, ಬರೀ ನೀರಿನಲ್ಲಿ. ಜೋಗಪ್ಪನ ಹೆಂಡತಿ ಪ್ರೀತಿಯಿಂದ ಹಾಲಿನ ಲೋಟದ ಜೊತೆ ಕೊಡುತ್ತಿದ್ದಾಳಂತೆ, ಹಾಲು ಆಮೇಲೆ ಕುಡಿಯಿರಿ. ಕಾಲು ಅಂಟಿದರೆ ಗಾಬರಿಯಾಗಿ ಎಳೆಯಬೇಡಿ. ನಿಂತು, ಉಸಿರು ತೆಗೆದುಕೊಂಡು, ಯಾರಿಂದಾದರೂ ಕೋಲನ್ನು ಕಾಲ ಮುಂದೆ ಅಡ್ಡ ಇಡಿಸಿ ಅದನ್ನು ದಾಟುವ ಹಾಗೆ ಹೆಜ್ಜೆ ಎತ್ತಬೇಕಂತೆ. ದಿನಾ ಸ್ವಲ್ಪ ಹೊತ್ತು ಹಟ್ಟಿಯ ಹೊರಗೆ ನಿಂತು ಕುರಿ ಕರೆದ ಹಾಗೆ ಜೋರಾಗಿ ಕರೆಯಿರಿ, ದನಿಗೆ ಅದೇ ವ್ಯಾಯಾಮ. ಕುರಿಗಳು ಬರದಿದ್ದರೆ ನಗುವವರು ನಗಲಿ.

ಈಗ ದೇವಿಯ ಮಾತು. ನಾನು ದೇವರನ್ನು ಬಿಟ್ಟವಳಲ್ಲ, ನಿಮಗೆ ಗೊತ್ತು. ಮೇಘಾ ನೀವು ಅಂದದ್ದನ್ನು ಹೇಳಿದ ಮೇಲೆ ನನಗೆ ಎರಡು ತಿಳಿಯಿತು. ಟಗರಿನ ಕಿವಿ ಹಿಡಿದ ಮೊದಲ ದಿನವೇ ನಿಮಗೆ ಗೊತ್ತಾಗಿತ್ತು. ಗೊತ್ತಾಗಿಯೂ ನನ್ನ ಹೆಸರು ಹೊರಗೆ ಬರಬಾರದೆಂದು ಸುಮ್ಮನಿದ್ದು, ಆ ಟಗರನ್ನು ದೇವಿಯ ಮುಂದೆ ನಿಲ್ಲಿಸಿ ಪಾಪವನ್ನು ನಿಮ್ಮ ತಲೆಗೆ ಕಟ್ಟಿಕೊಂಡಿರಿ. ನಾನು ಸಿಟ್ಟು ಎಂದುಕೊಂಡದ್ದು ಇದನ್ನು.

ಅದಕ್ಕೆ ನಿನ್ನೆ ನಾನು ನಮ್ಮ ಊರಿಗೆ ಬಂದಿದ್ದೆ. ಗಾಳೆಮ್ಮನ ಗುಡಿಗೆ. ಬೆಳಗಿನ ಬಸ್ಸಿಗೆ ಆಧಾರ್ ಕಾರ್ಡು ತೋರಿಸಿ ಹರಪನಹಳ್ಳಿ, ಅಲ್ಲಿಂದ ಕೊಟ್ಟೂರು, ಕೂಡ್ಲಿಗಿ, ಹೊಸಹಳ್ಳಿ. ಗುಡಿಯಲ್ಲಿ ಪೂಜಾರಿ ಬೊಮ್ಮಯ್ಯ ಇದ್ದ, ನಾಲ್ಕೈದು ಹೆಂಗಸರಿದ್ದರು. ಕಾಯಿ ಇಟ್ಟು, ಎಲ್ಲರೂ ಕೇಳುವ ಹಾಗೆ ನಡೆದದ್ದನ್ನು ಹೇಳಿದೆ. ಟಗರು ನನ್ನ ಅಜಾಗರೂಕತೆಯಿಂದ ಸತ್ತಿತು, ಬದಲಿಸಿದವಳು ನಾನು, ನನ್ನ ಗಂಡನ ಮೇಲೆ ಇದರ ನೆರಳೂ ಬೇಡ ಅಂದೆ. ನೀವು ಮಾತ್ರೆ ನಿಲ್ಲಿಸಿದ್ದನ್ನೂ ಹೇಳಿದೆ. ಬೊಮ್ಮಯ್ಯ ನನ್ನನ್ನು ನೋಡಿದ, ದೇವಿಯನ್ನು ನೋಡಿದ. “ತಂಗೀ, ಆಕಿ ಟಗರು ಕೇಳಿದ್ಳು, ನೀವು ಟಗರು ಕೊಟ್ರಿ. ಹಣಿ ಚುಕ್ಕಿ ಅಳಿಯಾಕ ಆಕಿ ಟೇಪು ಹಿಡಕಂಡು ಕುಂತಿಲ್ಲ. ನಿನ್ನ ಗಂಡ ಪಾಲಾಕ್ಷಪ್ಪಗ ಹೇಳು, ಗುಳಿಗಿ ಬಿಡು ಅಂತ ಆಕಿ ಎಂದೂ ಹೇಳಿಲ್ಲ ಅಂತ.” ಅವನ ಮಾತು ಅವನ ಮಾತಿನಂತೆಯೇ ಬರೆದಿದ್ದೇನೆ. ದೇವಿಯ ಕುಂಕುಮ ಕೊಟ್ಟ. ಈ ಪತ್ರದ ಒಳಗೆ ಚೀಟಿಯಲ್ಲಿ ಕಟ್ಟಿ ಇಟ್ಟಿದ್ದೇನೆ. ಹಚ್ಚಿಕೊಂಡು ಮಾತ್ರೆ ನುಂಗಿ. ಎರಡೂ ಮಾಡಿ, ಒಂದನ್ನು ಬಿಟ್ಟು ಒಂದಲ್ಲ.

ಇದಕ್ಕಿಂತ ಹೆಚ್ಚು ಬರೆಯಲು ನನಗೆ ಬರುವುದಿಲ್ಲ. ಕೈ ತಪ್ಪಿ ತಪ್ಪಾಗಿದ್ದರೆ ಹೊಟ್ಟೆಗೆ ಹಾಕಿಕೊಳ್ಳಿ. ಆ ಹೊಟ್ಟೆ ದೊಡ್ಡದು ಎಂದು ತಿಳಿಯಲು ನನಗೆ ಐದು ವರ್ಷ ಹಿಡಿಯಿತು.

ಇಂತಿ ನಿಮ್ಮವಳೇ ಆದ
ಮೈಲಮ್ಮ

ಮತ್ತೊಂದು ಮಾತು: ಗುಡಿಯಿಂದ ನೇರವಾಗಿ ಬಸ್ಸಿಗೆ ಹೋದೆ ಎಂದು ಮೇಘಾಗೆ ಹೇಳಿದ್ದೇನೆ. ಅದು ಸುಳ್ಳು. ಹಟ್ಟಿಯ ಕಡೆಯಿಂದ ಬಂದೆ. ನೀವು ಗೋಡೆಗೆ ಒರಗಿ ಕುಳಿತಿದ್ದಿರಿ. ಸೆರಗು ಹೊದ್ದು ದಾರಿಯ ಆಚೆ ನಿಂತವಳು ನಾನೇ. ನೀವು ನೋಡಿದಿರಿ. ನಾನೂ ನೋಡಿದೆ. ಇಷ್ಟೆಲ್ಲ ತಿಳಿದುಕೊಂಡು ಬಂದಿದ್ದರೂ, ನಿಮ್ಮ ಮುಖದಲ್ಲಿ ಒಂದು ಗೆರೆ ಸಹ ಕದಲದಿದ್ದುದನ್ನು ಕಂಡು ತಿರುಗಿ ನಡೆದುಬಿಟ್ಟೆ. ಬಸ್ಸು ಕೊಟ್ಟೂರು ದಾಟಿದ ಮೇಲೆ ನೆನಪಾಯಿತು. ತೊಡೆಯ ಮೇಲಿದ್ದ ನಿಮ್ಮ ಬಲಗೈ ನಾನು ಬರುವವರೆಗೆ ಸಣ್ಣಗೆ ನಡುಗುತ್ತಿತ್ತು. ನನ್ನನ್ನು ಕಂಡ ಮೇಲೆ ಎಡಗೈಯಲ್ಲಿ ಅದುಮಿ ಹಿಡಿದರೂ ನಿಲ್ಲದಷ್ಟು ಜೋರಾಗಿ ನಡುಗಿತು. ಮನಸ್ಸು ಕದಲಿದರೆ ಕೈ ಹೆಚ್ಚು ನಡುಗುತ್ತದೆ ಎಂದು ಡಾಕ್ಟರಮ್ಮ ಮೇಘಾಗೆ ಹೇಳಿದ್ದರಂತೆ. ನಾನು ಮುಖ ನೋಡಿ ಬಂದೆ, ಕೈ ನೋಡಲಿಲ್ಲ. ಗುರುವಾರ ಬರುತ್ತೇನೆ. ಕರೆಯಲು ಯಾರೂ ಬರುವುದು ಬೇಡ.